ಟ್ರೆಕ್ ಪಟ್ಟಿಯಲ್ಲಿರುವ ಪದಗಳ ಅರ್ಥ ಏನು? ಕುಮಾರ ಪರ್ವತಕ್ಕೆ ಹೊರಡುವ ಮುಂಚೆ ಓದಿಕೊಳ್ಳಿ

ಟ್ರೆಕ್‌ಗೆ ಹೆಸರು ಕೊಟ್ಟ ಮಾರನೇ ದಿನ ವಾಟ್ಸಾಪ್‌ಗೆ ಒಂದು ಪಟ್ಟಿ ಬರುತ್ತದೆ. 'ರಕ್‌ಸ್ಯಾಕ್ 45 ಲೀಟರ್, ಬೇಸ್ ಲೇಯರ್ 2, ಪೊಂಚೊ 1, ಲೀಚ್ ಸಾಕ್ಸ್. ಗ್ರೇಡ್: ಡಿಫಿಕಲ್ಟ್. ಗೇನ್: 1,600 ಮೀ.' ಓದಿದವರು ಅಂಗಡಿಗೆ ಓಡುತ್ತಾರೆ. ಅಲ್ಲಿಂದ ನನಗೊಂದು ಮೆಸೇಜ್: 'ಇದೆಲ್ಲ ಬೇಕಾ? ಗೇನ್ ಅಂದ್ರೆ ಏನು?'

ಒಂದೇ ಉತ್ತರವನ್ನು ಎಷ್ಟು ಸಲ ಟೈಪ್ ಮಾಡಲಿ? ಈ ಸಲ ಒಂದೇ ಕಡೆ ಬರೆದುಬಿಡುತ್ತೇನೆ. ನನ್ನ ಸಲಹೆ ಒಂದೇ. ಮೊದಲು ಪದ ಅರ್ಥ ಮಾಡಿಕೊಳ್ಳಿ, ಆಮೇಲೆ ಪರ್ಸ್ ತೆಗೆಯಿರಿ. ಪಟ್ಟಿಯಲ್ಲಿರುವ ಅರ್ಧ ಸಾಮಾನು ನಿಮ್ಮ ಮನೆಯಲ್ಲೇ ಇರುತ್ತದೆ, ಇನ್ನು ಕಾಲು ಭಾಗ ಬಾಡಿಗೆಗೆ ಸಿಗುತ್ತದೆ.

ಉದಾಹರಣೆಗೆ ಕುಕ್ಕೆ ಸುಬ್ರಹ್ಮಣ್ಯದಿಂದ ಹತ್ತುವ ಕುಮಾರ ಪರ್ವತವನ್ನು ಹಿಡಿದಿದ್ದೇನೆ. ದಕ್ಷಿಣ ಕನ್ನಡ ಮತ್ತು ಕೊಡಗಿನ ಗಡಿಯಲ್ಲಿ, ಪುಷ್ಪಗಿರಿ ವನ್ಯಧಾಮದೊಳಗೆ ಇರುವ ಬೆಟ್ಟ. ಎತ್ತರ 1,712 ಮೀಟರ್. ಇಂಗ್ಲಿಷ್ ಪುಸ್ತಕಗಳಲ್ಲಿ ಬರುವ ಮುಕ್ಕಾಲು ಪಾಲು ಚಾರಣದ ಪದಗಳನ್ನು ಈ ಒಂದೇ ಬೆಟ್ಟದಲ್ಲಿ ಕಣ್ಣಾರೆ ನೋಡಬಹುದು.

1. ಮೊದಲು ಕಾಗದದ ಮೇಲೆ ಬೆಟ್ಟ ಹತ್ತಿ

ಎಲ್ಲರೂ ಕೇಳುವುದು 'ಎಷ್ಟು ಎತ್ತರ?' ಅಂತ. ಅದಕ್ಕಿಂತ ಮುಖ್ಯವಾದ ಪ್ರಶ್ನೆ, ನೀವು ನಿಮ್ಮ ಕಾಲಲ್ಲಿ ಎಷ್ಟು ಮೇಲೆ ಹೋಗಬೇಕು ಅನ್ನುವುದು. ಅದಕ್ಕೇ ಗೇನ್ ಎನ್ನುತ್ತಾರೆ, ಏರು ಅಂದುಕೊಳ್ಳಿ. ಲೆಕ್ಕ ಶುರುವಾಗುವುದು ಟ್ರೇಲ್‌ಹೆಡ್‌ನಿಂದ. ಅಂದರೆ ಗಾಡಿ ಬಿಟ್ಟು ಕಾಲುದಾರಿ ಹಿಡಿಯುವ ಜಾಗ.

ಕರ್ನಾಟಕದ ಅತಿ ಎತ್ತರದ ಬೆಟ್ಟ ಮುಳ್ಳಯ್ಯನಗಿರಿ, ಸುಮಾರು 1,930 ಮೀಟರ್. ಆದರೆ ಅಲ್ಲಿ ರಸ್ತೆ ಹೆಚ್ಚುಕಡಿಮೆ ತುದಿಯವರೆಗೂ ಹೋಗುತ್ತದೆ. ಇಳಿದು ಮೆಟ್ಟಿಲು ಹತ್ತಿದರೆ ಮುಗಿಯಿತು. ಕುಮಾರ ಪರ್ವತ ಅದಕ್ಕಿಂತ 200 ಮೀಟರ್ ಕುಳ್ಳು. ಆದರೆ ಕುಕ್ಕೆ ಘಟ್ಟದ ಬುಡದಲ್ಲಿರುವ ಊರು, ಅಲ್ಲಿಂದ ಏರು ಹತ್ತಿರ ಹತ್ತಿರ 1,600 ಮೀಟರ್. ಎತ್ತರ ನೋಡಿ ಮೋಸ ಹೋಗುವುದು ಇಲ್ಲೇ.

ಎಷ್ಟು ಹೊತ್ತು ಬೇಕು ಅಂತ ಲೆಕ್ಕ ಹಾಕಲು ನೈಸ್ಮಿತ್ ಸೂತ್ರ ಇದೆ. ಸ್ಕಾಟ್ಲೆಂಡಿನ ವಿಲಿಯಂ ನೈಸ್ಮಿತ್ 1892ರಲ್ಲಿ ಹೇಳಿದ್ದು, ಇವತ್ತಿಗೂ ಬಳಕೆಯಲ್ಲಿದೆ. ಪ್ರತಿ 5 ಕಿ.ಮೀ. ನಡಿಗೆಗೆ ಒಂದು ಗಂಟೆ, ಅದರ ಮೇಲೆ ಪ್ರತಿ 600 ಮೀಟರ್ ಏರಿಗೆ ಇನ್ನೊಂದು ಗಂಟೆ.

ಕುಕ್ಕೆಯಿಂದ ತುದಿಗೆ ಸುಮಾರು 13 ಕಿ.ಮೀ. ದಾರಿಗೆ ಎರಡೂವರೆ ಗಂಟೆಗೆ ಸ್ವಲ್ಪ ಮೇಲೆ, ಏರಿಗೆ ಎರಡು ಗಂಟೆ ನಲವತ್ತು ನಿಮಿಷ. ಒಟ್ಟು ಐದೂಕಾಲು ಗಂಟೆ. ಇದು ಗಟ್ಟಿಮುಟ್ಟಾದವರು ಎಲ್ಲೂ ಕೂರದೆ ನಡೆದರೆ. ಚೀಲ ಹೊತ್ತು, ಫೋಟೋ ತೆಗೆದು, ನೀರು ಕುಡಿದು ಹೋಗುವ ನಮ್ಮಂಥವರು ಇದನ್ನು ಒಂದೂವರೆಯಿಂದ ಗುಣಿಸಬೇಕು. ಎಂಟು ಗಂಟೆ. ಇಳಿಯೋದು ಇನ್ನೂ ಲೆಕ್ಕಕ್ಕೆ ಬಂದೇ ಇಲ್ಲ! 'ಬೆಳಗ್ಗೆ ಹೋಗಿ ಸಂಜೆ ಬಂದುಬಿಡೋಣ' ಅನ್ನುವ ಗೆಳೆಯನಿಗೆ ಈ ಲೆಕ್ಕ ತೋರಿಸಿ.

ಗ್ರೇಡ್, ಅಂದರೆ ಈಸಿ, ಮಾಡರೇಟ್, ಡಿಫಿಕಲ್ಟ್. ಇದಕ್ಕೆ ಎಲ್ಲರೂ ಒಪ್ಪಿದ ಅಳತೆ ಅಂತ ಒಂದಿಲ್ಲ. ಬಸ್ ತುಂಬಬೇಕಾದಾಗ ಡಿಫಿಕಲ್ಟ್ ಕೂಡ ಮಾಡರೇಟ್ ಆಗುತ್ತದೆ. ಗ್ರೇಡ್ ಬಿಟ್ಟು ಆಯೋಜಕರನ್ನು ಮೂರು ಅಂಕಿ ಕೇಳಿ: ಎಷ್ಟು ದೂರ, ಎಷ್ಟು ಏರು, ಎಷ್ಟು ಗಂಟೆ. ಹೇಳಲು ತಡವರಿಸಿದರೆ ಅವರ ಜೊತೆ ಹೋಗಬೇಡಿ.

ಇನ್ನು ನಕ್ಷೆ. ಕಾಂಟೂರ್ ಗೆರೆಗಳನ್ನು ಶಾಲೆಯಲ್ಲಿ ಸಮೋನ್ನತ ರೇಖೆ ಅಂತ ಓದಿ ಮರೆತಿರುತ್ತೀರಿ. ಬೇಸಿಗೆಯಲ್ಲಿ ಲಿಂಗನಮಕ್ಕಿ ಹಿನ್ನೀರು ಇಳಿದಾಗ ದಡದ ಗುಡ್ಡಗಳ ಸುತ್ತ ಗೆರೆ ಗೆರೆ ಉಳಿದಿರುತ್ತದಲ್ಲ, ಅದೇ ಕಾಂಟೂರ್. ಒಂದು ಗೆರೆಯ ಮೇಲೆ ಎಲ್ಲ ಕಡೆಯೂ ಒಂದೇ ಎತ್ತರ. ಸರ್ವೆ ಆಫ್ ಇಂಡಿಯಾದ 1:50,000 ನಕ್ಷೆಯಲ್ಲಿ ಸಾಮಾನ್ಯವಾಗಿ ಗೆರೆಯಿಂದ ಗೆರೆಗೆ 20 ಮೀಟರ್ ಏರು ಇರುತ್ತದೆ. ಗೆರೆ ದೂರ ದೂರ ಇದ್ದರೆ ಆರಾಮದ ದಾರಿ. ಒತ್ತೊತ್ತಾಗಿದ್ದರೆ ಅಲ್ಲಿ ಮಂಡಿ ಹಿಡಿದುಕೊಂಡು ಹತ್ತಬೇಕು.

ಬೆಟ್ಟದ ಆಕಾರಕ್ಕೆ ಸಂಬಂಧಿಸಿದ ನಾಲ್ಕು ಪದ ಸಾಕು. ರಿಡ್ಜ್ ಅಂದರೆ ಗುಡ್ಡದ ಬೆನ್ನು, ಎರಡೂ ಕಡೆ ಇಳಿಜಾರು. ದಾರಿಯ ನಡುವೆ ಸಿಗುವ ಗಿರಿಗದ್ದೆ ದಾಟಿದ ಮೇಲೆ ಮರ ಮುಗಿದು ಹುಲ್ಲು ಶುರುವಾಗುತ್ತದೆ. ಅಲ್ಲಿಂದ ಬಹುಪಾಲು ನೆರಳಿಲ್ಲದ ಬೆನ್ನಿನ ಮೇಲೇ ನಡಿಗೆ. ಫಾಲ್ಸ್ ಸಮಿಟ್ ಅಂದರೆ ಸುಳ್ಳು ತುದಿ. ಇನ್ನೇನು ಬಂತು ಅಂತ ಏದುಸಿರು ಬಿಡುತ್ತಾ ಶೇಷ ಪರ್ವತದ ಮೇಲೆ ನಿಲ್ಲುತ್ತೀರಿ. ನಿಜವಾದ ತುದಿ ಆಚೆ ನಿಂತು ನಿಮ್ಮನ್ನೇ ನೋಡುತ್ತಿರುತ್ತದೆ. ನಡುವೆ ಇಳಿದು ಮತ್ತೆ ಹತ್ತಬೇಕಾದ ತಗ್ಗಿಗೆ ಸ್ಯಾಡಲ್, ಕುದುರೆಯ ಜೀನಿನ ಆಕಾರದ್ದು. ಆ ತಗ್ಗಿನಲ್ಲಿ ಒತ್ತಾಗಿ ಬೆಳೆದ ಕುಳ್ಳು ಮರಗಳ ಕಾಡು ಶೋಲಾ. ಇಳಿದದ್ದನ್ನು ಮತ್ತೆ ಹತ್ತುವ ಈ ಲೆಕ್ಕ ಸೇರಿದರೆ ಒಟ್ಟು ಏರು, ತುದಿ ಮತ್ತು ಬುಡದ ಎತ್ತರಗಳ ವ್ಯತ್ಯಾಸಕ್ಕಿಂತ ಜಾಸ್ತಿಯೇ ಆಗುತ್ತದೆ.

2. ಅನುಮತಿ

2024ರ ಜನವರಿ ಕೊನೆಯ ರಜೆಯಲ್ಲಿ ಈ ಬೆಟ್ಟಕ್ಕೆ ಒಟ್ಟಿಗೆ ಸಾವಿರಾರು ಜನ ನುಗ್ಗಿದ್ದು ದೊಡ್ಡ ಸುದ್ದಿಯಾಯಿತು. ಆಮೇಲೆ ಅರಣ್ಯ ಇಲಾಖೆ ಚಾರಣಕ್ಕೆ ಆನ್‌ಲೈನ್ ಬುಕಿಂಗ್ ತಂದಿತು. 'ಅರಣ್ಯ ವಿಹಾರ' ಜಾಲತಾಣದಲ್ಲಿ ದಿನ ಆರಿಸಿ, ಗುರುತಿನ ಚೀಟಿ ಕೊಟ್ಟು, ದುಡ್ಡು ಕಟ್ಟಬೇಕು. ದಿನಕ್ಕೆ ಇಷ್ಟೇ ಜನ ಅನ್ನುವ ಮಿತಿ ಇದೆ.

ಎರಡು ಎಚ್ಚರಿಕೆ. ಒಂದು, ಆಯೋಜಕರು 'ಪರ್ಮಿಷನ್ ನಾವು ನೋಡ್ಕೋತೀವಿ' ಅಂದರೆ ನಿಮ್ಮ ಹೆಸರಿನ ಟಿಕೆಟ್ ಕೇಳಿ ತರಿಸಿಕೊಳ್ಳಿ. ಎರಡು, ಕಾಡ್ಗಿಚ್ಚಿನ ಕಾಲದಲ್ಲೂ ಜೋರು ಮಳೆಯಲ್ಲೂ ದಾರಿ ಮುಚ್ಚುವುದುಂಟು. ಕಳೆದ ವರ್ಷ ತೆರೆದಿತ್ತು ಅಂತ ಈ ವರ್ಷ ಹೋಗಿ ಚೆಕ್‌ಪೋಸ್ಟ್‌ನಲ್ಲಿ ವಾದ ಮಾಡಬೇಡಿ.

3. ಚೀಲ: ಭಾರ ಸೊಂಟಕ್ಕೆ, ಹೆಗಲಿಗಲ್ಲ

ರಕ್‌ಸ್ಯಾಕ್ ಅಳೆಯುವುದು ಲೀಟರ್‌ನಲ್ಲಿ. ಒಂದು ದಿನದ ನಡಿಗೆಗೆ 20ರಿಂದ 30 ಲೀಟರ್. ಒಂದೆರಡು ರಾತ್ರಿಗೆ 40ರಿಂದ 50. ನನಗೆ ಮೊದಲ ಸಲ ಒಂದು ಅಂಗಡಿಯವರು 'ಮುಂದೆ ಬೇಕಾಗುತ್ತೆ ಸಾರ್' ಅಂತ 70 ಲೀಟರಿನದು ಹೊರಿಸಿ ಕಳಿಸಿದರು. ಜಾಗ ಇದ್ದರೆ ಅದನ್ನು ತುಂಬುವುದು ಮನುಷ್ಯ ಸ್ವಭಾವ. ಕಾಡಿಗೆ ಇಸ್ತ್ರಿ ಮಾಡಿದ ಅಂಗಿ ಹೊತ್ತುಕೊಂಡು ಹೋಗಿದ್ದೆ.

ಬೇಸ್ ವೆಯ್ಟ್ ಅಂದರೆ ಖರ್ಚಾಗದ ಸಾಮಾನಿನ ತೂಕ. ಚೀಲ, ಬಟ್ಟೆ, ಹಾಸಿಗೆ, ಟಾರ್ಚ್ ಎಲ್ಲ ಸೇರಿ. ನೀರು, ಊಟ, ಗ್ಯಾಸ್ ಇದರಲ್ಲಿ ಬರುವುದಿಲ್ಲ, ಯಾಕೆಂದರೆ ಅವು ದಾರಿಯಲ್ಲಿ ಕರಗುತ್ತವೆ. ಒಟ್ಟು ಭಾರ ನಿಮ್ಮ ತೂಕದ ಐದರಲ್ಲಿ ಒಂದು ಪಾಲು ದಾಟಬಾರದು. 65 ಕೆ.ಜಿ. ಇರುವವರಿಗೆ 13 ಕೆ.ಜಿ. ಅದು ಮೇಲಿನ ಗೆರೆ ಅಷ್ಟೇ. ಕುಮಾರ ಪರ್ವತದ ಒಂದು ರಾತ್ರಿಗೆ ಏಳೆಂಟು ಕೆ.ಜಿ. ಸಾಕು. ಮನೆಯ ತೂಕದ ಯಂತ್ರದ ಮೇಲೆ ಚೀಲ ಹೊತ್ತು ಒಮ್ಮೆ, ಇಳಿಸಿ ಒಮ್ಮೆ ನಿಲ್ಲಿ. ಉಳಿದದ್ದು ಕಳೆಯುವ ಲೆಕ್ಕ.

ಚೀಲ ಹಾಕಿಕೊಳ್ಳುವುದಕ್ಕೂ ಒಂದು ಕ್ರಮ ಇದೆ. ನಮ್ಮ ಹೆಂಗಸರು ನೀರಿನ ಕೊಡವನ್ನು ಸೊಂಟದ ಮೇಲೆ ಕೂರಿಸಿಕೊಳ್ಳುವುದು ಯಾಕೆ ಗೊತ್ತಲ್ಲ? ಅಲ್ಲಿ ಭಾರ ಹೊರುವ ಮೂಳೆ ಇದೆ. ಚೀಲದ ಹಿಪ್ ಬೆಲ್ಟ್ ಮಾಡುವ ಕೆಲಸವೂ ಅದೇ.

ಮೊದಲು ಎಲ್ಲ ಪಟ್ಟಿಗಳನ್ನೂ ಸಡಿಲ ಬಿಡಿ. ಚೀಲ ಹೊತ್ತು ಸ್ವಲ್ಪ ಮುಂದೆ ಬಗ್ಗಿ. ಸೊಂಟದ ಬದಿಯಲ್ಲಿ ಕೈಗೆ ಸಿಗುವ ಮೂಳೆಯ ಅಂಚಿನ ಮೇಲೆ ಬೆಲ್ಟ್ ಕೂರಿಸಿ ಬಿಗಿಯಾಗಿ ಎಳೆಯಿರಿ. ಹೊಟ್ಟೆಯ ಮೇಲೆ ಬಂದರೆ ಅದು ತುಂಬಾ ಮೇಲಾಯಿತು. ಆಮೇಲೆ ಹೆಗಲ ಪಟ್ಟಿ, ಬಿಗಿ ಬೇಡ, ಮೈಗೆ ತಾಗಿದರೆ ಸಾಕು. ಹೆಗಲ ಮೇಲಿಂದ ಚೀಲದ ತಲೆಗೆ ಹೋಗುವ ಸಣ್ಣ ಪಟ್ಟಿ ಇದೆಯಲ್ಲ, ಅದು ಲೋಡ್ ಲಿಫ್ಟರ್. ಅದನ್ನು ಎಳೆದರೆ ಹಿಂದಕ್ಕೆ ಜಗ್ಗುವ ಚೀಲ ಬೆನ್ನಿಗೆ ಅಂಟುತ್ತದೆ. ಎದೆಯ ಪಟ್ಟಿ ಕೊನೆಗೆ. ಈಗ ಹೆಗಲ ಪಟ್ಟಿಯ ಕೆಳಗೆ ಬೆರಳು ತೂರಿಸಿ ನೋಡಿ. ಸಲೀಸಾಗಿ ಹೋದರೆ ಭಾರ ಸೊಂಟಕ್ಕೆ ಇಳಿದಿದೆ ಅಂತ ಅರ್ಥ.

ತುಂಬುವಾಗ ಹಗುರ ಮತ್ತು ರಾತ್ರಿಗೆ ಬೇಕಾದದ್ದು ತಳಕ್ಕೆ, ಭಾರದ್ದು ನಡುವೆ ಬೆನ್ನಿಗೆ ಹತ್ತಿರ, ಮಳೆ ಅಂಗಿ ಮತ್ತು ಟಾರ್ಚ್ ಮೇಲೆ. ನೀರಿನ ಬಾಟಲಿ ಹೊರಗೆ ತೂಗಿಬಿಟ್ಟರೆ ಒಂದೊಂದು ಹೆಜ್ಜೆಗೂ ಗಂಟೆಯ ಹಾಗೆ ಬಡಿಯುತ್ತದೆ. ರೈನ್ ಕವರ್ ಹೊರಗಿನ ಹೊದಿಕೆ. ಬೆನ್ನ ಕಡೆಯಿಂದ ಇಳಿಯುವ ನೀರನ್ನು ಅದು ತಡೆಯುವುದಿಲ್ಲ. ಅದಕ್ಕೇ ಒಳಗೆ ದಪ್ಪ ಪ್ಲಾಸ್ಟಿಕ್ ಚೀಲವೊಂದನ್ನು ಹಾಸಿ ಅದರೊಳಗೆ ಬಟ್ಟೆ ತುಂಬಿ. ಇದಕ್ಕೆ ಲೈನರ್ ಅನ್ನುತ್ತಾರೆ. ಕವರ್ ಇಲ್ಲದಿದ್ದರೂ ನಡೆಯುತ್ತದೆ, ಲೈನರ್ ಇಲ್ಲದಿದ್ದರೆ ನಡೆಯೋದಿಲ್ಲ.

4. ಬಟ್ಟೆ: ಈರುಳ್ಳಿಯ ಹಾಗೆ ಪದರ

ಲೇಯರಿಂಗ್ ಅಂದರೆ ಒಂದು ದಪ್ಪ ಸ್ವೆಟರ್ ಬದಲು ಎರಡು ಮೂರು ತೆಳು ಪದರ. ಮೈಗೆ ತಾಗುವ ಬೇಸ್ ಲೇಯರ್ ಬೆವರನ್ನು ಹೀರಿ ಹೊರಗೆ ಸಾಗಿಸಬೇಕು. ಆಟಕ್ಕೆ ಹಾಕುವ ಪಾಲಿಯೆಸ್ಟರ್ ಟೀಶರ್ಟ್ ಆದರೆ ಆಯಿತು, ಹೊಸದು ಬೇಡ. ನಡುವಿನದು ಮಿಡ್ ಲೇಯರ್, ಬೆಚ್ಚಗಿಡಲು. ಒಂದು ಫ್ಲೀಸ್, ಅಂದರೆ ಹಗುರವಾದ ಮೆತ್ತನೆಯ ಬೆಚ್ಚನೆ ಅಂಗಿ, ಸಾಕು. ಹೊರಗಿನದು ಶೆಲ್, ಗಾಳಿ ಮಳೆ ತಡೆಯಲು.

ಹತ್ತಿ ಬಟ್ಟೆ ಯಾಕೆ ಬೇಡ ಅಂತ ತುಂಬಾ ಜನ ಕೇಳುತ್ತಾರೆ. ನಮ್ಮ ಸೆಕೆಗೆ ಹತ್ತಿಯಷ್ಟು ಹಿತ ಇನ್ನೊಂದಿಲ್ಲ, ನಿಜ. ಆದರೆ ನೆನೆದ ಹತ್ತಿ ಬೇಗ ಒಣಗುವುದಿಲ್ಲ. ಬೆಟ್ಟದಲ್ಲಿ 1,000 ಮೀಟರ್ ಮೇಲೆ ಹೋದಂತೆ ಸುಮಾರು ಆರೂವರೆ ಡಿಗ್ರಿ ಚಳಿ ಹೆಚ್ಚುತ್ತದೆ. ಅಂದರೆ ಕುಕ್ಕೆಗಿಂತ ತುದಿಯಲ್ಲಿ 10 ಡಿಗ್ರಿ ಕಡಿಮೆ, ಮೇಲೆ ಗಾಳಿ ಬೇರೆ. ಬೆವರಿನಲ್ಲಿ ತೊಯ್ದ ಬನಿಯನ್ ಅಲ್ಲಿ ಐಸ್ ಪಟ್ಟಿ ಆಗುತ್ತದೆ. ಜೀನ್ಸ್ ಅಂತೂ ಬೇಡವೇ ಬೇಡ. ಒದ್ದೆ ಜೀನ್ಸ್‌ನಲ್ಲಿ 13 ಕಿ.ಮೀ. ಇಳಿದವರ ತೊಡೆಯನ್ನು ಕೇಳಿ, ಅದು ಹೇಳುತ್ತೆ.

ಪೊಂಚೊ ಅಂದರೆ ತಲೆಯಿಂದ ಹಾಕಿಕೊಳ್ಳುವ, ಚೀಲವನ್ನೂ ಮುಚ್ಚುವ ಮಳೆ ಹೊದಿಕೆ. ಮಲೆನಾಡಿನ ಗದ್ದೆಯಲ್ಲಿ ಹಾಕುವ ಪ್ಲಾಸ್ಟಿಕ್ ಕೊಪ್ಪೆಯ ತಮ್ಮ ಅನ್ನಿ. ಕಾಡಿನೊಳಗೆ ಅದೇ ಒಳ್ಳೆಯದು. ಬೆಟ್ಟದ ಬಯಲು ಬೆನ್ನಿನ ಮೇಲೆ ಗಾಳಿಗೆ ಹಾಯಿಯಂತೆ ಹಾರುತ್ತದೆ, ಅಲ್ಲಿ ಜಾಕೆಟ್ ಮೇಲು. ಕೊಳ್ಳುವಾಗ ವಾಟರ್ ರೆಸಿಸ್ಟೆಂಟ್ ಮತ್ತು ವಾಟರ್‌ಪ್ರೂಫ್ ಬೇರೆ ಬೇರೆ ಅನ್ನುವುದು ನೆನಪಿರಲಿ. ಮೊದಲನೆಯದು ತುಂತುರು ಹನಿಗೆ. ಪಶ್ಚಿಮಘಟ್ಟದ ಮಳೆಗೆ ಎರಡನೆಯದೇ ಬೇಕು, ಅದೂ ಹೊಲಿಗೆಗಳ ಮೇಲೆ ಒಳಗಿನಿಂದ ಟೇಪ್ ಅಂಟಿಸಿದ್ದು.

5. ಶೂ

ಚಿಕ್ಕ ವಿಷಯ, ಬೇಗ ಹೇಳಿ ಮುಗಿಸುತ್ತೇನೆ. ಅಡಿಯ ಹಲ್ಲುಗಳು ಆಳವಾಗಿರಲಿ, ಇದೇ ಗ್ರಿಪ್. ಇಳಿಯುವಾಗ ಬೆರಳು ಮುಂದಕ್ಕೆ ಜಾರುತ್ತದೆ, ಹಾಗಾಗಿ ಅರ್ಧ ಸೈಜ್ ದೊಡ್ಡದು ತಗೊಳ್ಳಿ. ಸಂಜೆ ಹೊತ್ತು, ಪಾದ ಊದಿರುವಾಗ, ಹಾಕಿ ನೋಡಿ. ಹೊಸ ಶೂ ಹಾಕಿಕೊಂಡು ನೇರ ಬೆಟ್ಟಕ್ಕೆ ಹೋಗಬೇಡಿ. ಎರಡು ವಾರ ಊರಲ್ಲೇ ನಡೆದು ಪಳಗಿಸಿ. ಉಗುರು ಕತ್ತರಿಸಿ.

ಹಾಟ್ ಸ್ಪಾಟ್ ಅಂದರೆ ಬೊಬ್ಬೆ ಏಳುವ ಮುಂಚಿನ ಉರಿ. ಹಿಮ್ಮಡಿ ಚುರುಗುಟ್ಟಿದ ಕೂಡಲೇ ಶೂ ಬಿಚ್ಚಿ, ಒರೆಸಿ, ಮೆಡಿಕಲ್ ಟೇಪ್ ಅಂಟಿಸಿ. ಐದು ನಿಮಿಷದ ಕೆಲಸ. 'ಗಿರಿಗದ್ದೆಯ ಭಟ್ಟರ ಮನೆ ಹತ್ತಿರ ನೋಡ್ಕೊಂಡ್ರಾಯ್ತು' ಅಂದರೆ ಅಷ್ಟರಲ್ಲಿ ಬೊಬ್ಬೆ ಒಡೆದಿರುತ್ತದೆ.

6. ನೀರು, ಊಟ

ಒಂದು ಲೀಟರ್ ನೀರು ಒಂದು ಕೆ.ಜಿ. ಹಾಗಂತ ಕಡಿಮೆ ಒಯ್ಯಬೇಡಿ. ಹತ್ತುವ ದಿನಕ್ಕೆ ಎರಡರಿಂದ ಮೂರು ಲೀಟರ್ ಬೇಕು. ಹೈಡ್ರೇಶನ್ ಬ್ಲ್ಯಾಡರ್ ಅಂದರೆ ಚೀಲದೊಳಗಿನ ನೀರಿನ ಸಂಚಿ, ಕೊಳವೆಯಿಂದ ಹೀರುವುದು. ಅನುಕೂಲ ಹೌದು, ಎಷ್ಟು ಉಳಿದಿದೆ ಅಂತ ಮಾತ್ರ ಕಾಣೋದಿಲ್ಲ. ನಾನು ಬಾಟಲಿಯ ಪಕ್ಷ.

ವಾಟರ್ ಸೋರ್ಸ್ ಅಂತ ನಕ್ಷೆಯಲ್ಲಿ ಬರೆದಿದ್ದರೆ ಹಳ್ಳ, ಝರಿ ಅಥವಾ ಒರತೆ. ಅದು ಯಾವ ತಿಂಗಳ ಮಾತು ಅಂತ ಕೇಳಿ. ಡಿಸೆಂಬರ್‌ನಲ್ಲಿ ಹರಿಯುವ ಝರಿ ಮಾರ್ಚ್‌ನಲ್ಲಿ ಕಲ್ಲು ಮಾತ್ರ. ಕಂಡ ನೀರನ್ನು ಕುದಿಸಿ, ಇಲ್ಲವೇ ಫಿಲ್ಟರ್ ಅಥವಾ ಕ್ಲೋರಿನ್ ಮಾತ್ರೆ ಬಳಸಿ ಕುಡಿಯಿರಿ.

ಬೆವರಿನ ಜೊತೆ ಉಪ್ಪೂ ಹೋಗುತ್ತದೆ. ಓಆರ್‌ಎಸ್ ಪೊಟ್ಟಣ ಇಲ್ಲದಿದ್ದರೆ ಒಂದು ಲೀಟರ್ ಶುದ್ಧ ನೀರಿಗೆ ಮಟ್ಟಸವಾಗಿ ಆರು ಟೀ ಚಮಚ ಸಕ್ಕರೆ, ಅರ್ಧ ಟೀ ಚಮಚ ಉಪ್ಪು. ಉಪ್ಪು ಇದಕ್ಕಿಂತ ಹೆಚ್ಚಬಾರದು.

ಟ್ರೇಲ್ ಮಿಕ್ಸ್ ಅಂತ ಅಂಗಡಿಯಲ್ಲಿ ದುಬಾರಿ ಪೊಟ್ಟಣ ಸಿಗುತ್ತದೆ. ಕಡಲೆಬೀಜ, ಹುರಿಗಡಲೆ, ಒಣದ್ರಾಕ್ಷಿ, ಬೆಲ್ಲದ ಚೂರು ಬೆರೆಸಿದರೆ ಅದೇ. ಚಪಾತಿ-ಚಟ್ನಿಪುಡಿ ಎರಡನೇ ದಿನಕ್ಕೂ ಕೆಡುವುದಿಲ್ಲ. ಅವಲಕ್ಕಿಗೆ ಪುಳಿಯೋಗರೆ ಗೊಜ್ಜು ಕಲಸಿದರೆ ಒಲೆಯೇ ಬೇಡ. ಮೊಸರನ್ನ ಮಧ್ಯಾಹ್ನದೊಳಗೆ ಮುಗಿಸಿ.

7. ದಾರಿಯಲ್ಲಿ

ಗುಂಪಿನ ಮುಂದಿರುವವರು ಲೀಡ್, ಕೊನೆಯವರು ಸ್ವೀಪ್. ಸ್ವೀಪ್‌ಗಿಂತ ಹಿಂದೆ ಯಾರೂ ಉಳಿಯಬಾರದು. ಮೂತ್ರಕ್ಕೆ ಹೋಗುವುದಾದರೂ ಅವರಿಗೆ ಹೇಳಿ ಹೋಗಿ. ದಾರಿ ಕವಲೊಡೆದರೆ ಎಲ್ಲರೂ ಬರುವವರೆಗೆ ಅಲ್ಲೇ ನಿಲ್ಲಿ. ದಾರಿ ತಪ್ಪುವುದು ಹೆಚ್ಚಾಗಿ ಕವಲಿನಲ್ಲಿ, ಅದೂ ಮಾತಿನಲ್ಲಿ ಮೈಮರೆತವರು.

ಸ್ವಿಚ್‌ಬ್ಯಾಕ್ ಅಂದರೆ ಘಾಟಿ ರಸ್ತೆಯ ಹಾಗೆ ಅತ್ತಿತ್ತ ತಿರುಗುವ ಕಾಲುದಾರಿ. ನೇರ ಏರನ್ನು ಮುರಿಯಲು ಮಾಡಿದ್ದು. ತಿರುವು ತಪ್ಪಿಸಿ ಅಡ್ಡ ಇಳಿದರೆ ಹುಲ್ಲಿನ ಬೇರು ಕಿತ್ತು, ಮುಂದಿನ ಮಳೆಗೆ ಅದೇ ಜಾಗ ಚರಂಡಿಯಾಗುತ್ತದೆ.

ಈಗ ಈ ಲೇಖನದಲ್ಲಿ ಒಂದೇ ಪದ ನೆನಪಿಟ್ಟುಕೊಳ್ಳುವುದಾದರೆ ಇದನ್ನು ಇಟ್ಟುಕೊಳ್ಳಿ: ಟರ್ನ್‌ಅರೌಂಡ್ ಟೈಮ್. ತುದಿ ಮುಟ್ಟಿದ್ದರೂ ಸರಿ, ಇಲ್ಲದಿದ್ದರೂ ಸರಿ, ವಾಪಸ್ ತಿರುಗುವ ಗಂಟೆ. ಅದನ್ನು ಕೆಳಗೆ ಇರುವಾಗಲೇ, ಉಸಿರು ಸರಿಯಾಗಿರುವಾಗಲೇ ನಿಗದಿ ಮಾಡಬೇಕು. ಮೇಲೆ ಹೋದ ಮೇಲೆ 'ಇನ್ನು ಅರ್ಧ ಗಂಟೆ ಅಷ್ಟೇ' ಅನ್ನುವ ಆಸೆ ಬರುತ್ತದೆ. ಶೇಷ ಪರ್ವತದ ಮೇಲೆ ನಿಂತು, ತುದಿ ಕಣ್ಣೆದುರೇ ಇರುವಾಗ, ಗಡಿಯಾರ ನೋಡಿ ಹಿಂದೆ ತಿರುಗುವುದು ಕಷ್ಟ. ಆದರೂ ತಿರುಗಿ. ಕತ್ತಲಲ್ಲಿ ಕಾಡಿನ ಇಳಿಜಾರು, ಆನೆ ಓಡಾಡುವ ಜಾಗ. ಏಪ್ರಿಲ್-ಮೇ ಸಂಜೆಗಳಲ್ಲಿ ಇನ್ನೊಂದು ಕಾರಣವೂ ಇದೆ, ಸಿಡಿಲು. ಬೋಳು ಬೆನ್ನಿನ ಮೇಲೆ ಎಲ್ಲಕ್ಕಿಂತ ಎತ್ತರದ ವಸ್ತು ನೀವೇ. ಗುಡುಗು ಕೇಳಿದ ಕೂಡಲೇ ಕೆಳಗಿಳಿಯಿರಿ, ಒಂಟಿ ಮರದ ಕೆಳಗೆ ನಿಲ್ಲಬೇಡಿ.

ತೊಂದರೆ ಆದರೆ ಸೀಟಿ. ನಿಮಿಷಕ್ಕೆ ಆರು ಸಲ ಊದಿ, ಒಂದು ನಿಮಿಷ ಬಿಟ್ಟು ಮತ್ತೆ ಊದುವುದು ಬೆಟ್ಟಗಳಲ್ಲಿ ಬಳಸುವ ಸಹಾಯದ ಸನ್ನೆ. ಕೂಗುವುದಕ್ಕಿಂತ ದೂರ ಕೇಳಿಸುತ್ತದೆ, ಗಂಟಲೂ ಉಳಿಯುತ್ತದೆ. ಸಿಗ್ನಲ್ ಇದ್ದರೆ 112. ನಕ್ಷೆಯನ್ನು ಮನೆಯಲ್ಲೇ ಆಫ್‌ಲೈನ್ ಇಳಿಸಿಕೊಂಡಿರಿ. ಜಿಪಿಎಸ್‌ಗೆ ನೆಟ್‌ವರ್ಕ್ ಬೇಡ, ಆದರೆ ಅದನ್ನು ತೋರಿಸುವ ನಕ್ಷೆ ಫೋನಿನಲ್ಲಿ ಇರಬೇಕಲ್ಲ.

ಉಂಬಳ, ಇಂಗ್ಲಿಷಿನ ಲೀಚ್. ಹೊಸಬರಿಗೆ ಇದರದೇ ದೊಡ್ಡ ಹೆದರಿಕೆ. ಮಳೆಗಾಲದಲ್ಲೂ ಅದರ ಹಿಂದುಮುಂದಿನ ವಾರಗಳಲ್ಲೂ ಜಾಸ್ತಿ. ಲೀಚ್ ಸಾಕ್ಸ್ ಅಂದರೆ ಮೊಣಕಾಲಿನವರೆಗೆ ಬರುವ ಒತ್ತು ನೇಯ್ಗೆಯ ಬಟ್ಟೆ ಚೀಲ, ಪ್ಯಾಂಟಿನ ಮೇಲೆ ಹಾಕುವುದು. ಕಚ್ಚಿದರೆ ಜಗ್ಗಬೇಡಿ. ಉಪ್ಪು, ಸುಣ್ಣ, ಹೊಗೆಸೊಪ್ಪು ಹಾಕುವ ರೂಢಿ ಇದೆ. ಆದರೆ ಕಚ್ಚಿರುವಾಗ ಹಾಕಿದರೆ ಅದು ಹೊಟ್ಟೆಯಲ್ಲಿದ್ದದ್ದನ್ನು ಗಾಯಕ್ಕೇ ಕಾರಬಹುದು. ನೋಡಿ, ಅದಕ್ಕೆ ಎರಡು ತುದಿ. ಸಣ್ಣ ತುದಿ ಬಾಯಿ, ದಪ್ಪ ತುದಿ ಬರೀ ಹಿಡಿತಕ್ಕೆ. ಸಣ್ಣ ತುದಿಯ ಪಕ್ಕ ಚರ್ಮಕ್ಕೆ ಉಗುರು ಒತ್ತಿ ಬದಿಗೆ ಸರಿಸಿ, ಬಿಡುತ್ತದೆ. ಆಮೇಲೆ ದಪ್ಪ ತುದಿಯನ್ನೂ ಹಾಗೇ ಬಿಡಿಸಿ, ಕೂಡಲೇ ದೂರ ಚಿಮ್ಮಿ. ರಕ್ತ ಹೆಪ್ಪುಗಟ್ಟದಂತೆ ಮಾಡುವ ಹಿರುಡಿನ್ ಎಂಬ ವಸ್ತು ಅದರ ಎಂಜಲಿನಲ್ಲಿದೆ, ಅದಕ್ಕೇ ರಕ್ತ ಸುಮಾರು ಹೊತ್ತು ಒಸರುತ್ತದೆ. ಗಾಬರಿ ಬೇಡ, ತೊಳೆದು ಒತ್ತಿ ಹಿಡಿಯಿರಿ.

ನಿಜವಾಗಿ ಹೆದರಬೇಕಾದದ್ದು ಉಣುಗು, ಕೆಲವು ಕಡೆ ಉಣ್ಣೆ ಅನ್ನುತ್ತಾರೆ, ಇಂಗ್ಲಿಷಿನ ಟಿಕ್. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಪತ್ತೆಯಾದ ಮಂಗನ ಕಾಯಿಲೆ ಹರಡುವುದು ಇದರಿಂದ. ಉಂಬಳ ಇಲ್ಲದ ಒಣ ಕಾಲ, ಡಿಸೆಂಬರ್‌ನಿಂದ ಮೇವರೆಗೆ, ಇದರ ಕಾಲ. ಮಲೆನಾಡಿನ ಕಾಡಿಗೆ ಹೋಗುವ ಮುಂಚೆ ಆ ಭಾಗದಲ್ಲಿ ಮಂಗಗಳು ಸತ್ತ ಸುದ್ದಿ ಇದೆಯಾ ಅಂತ ಊರಿನವರನ್ನು ಕೇಳಿ. ಇದ್ದರೆ ಹೋಗಬೇಡಿ. ತರಗೆಲೆ ಮೇಲೆ ಸುಮ್ನೆ ಕೂರಬೇಡಿ, ಉದ್ದ ತೋಳು ಹಾಕಿ. ಬಂದ ಮೇಲೆ ಒಂದೆರಡು ವಾರದಲ್ಲಿ ಜೋರು ಜ್ವರ, ತಲೆನೋವು ಬಂದರೆ ಕಾಡಿಗೆ ಹೋಗಿದ್ದನ್ನು ಡಾಕ್ಟರಿಗೆ ಹೇಳಲು ಮರೆಯಬೇಡಿ.

8. ರಾತ್ರಿ, ಮತ್ತು ಬೆಳಗಿನ ಆ ಕೆಲಸ

ವನ್ಯಧಾಮದಲ್ಲಿ ಮನಸ್ಸಿಗೆ ಬಂದಲ್ಲಿ ಟೆಂಟ್ ಹಾಕುವಂತಿಲ್ಲ. ಉಳಿಯಲು ಎಲ್ಲಿ ಬಿಡುತ್ತಾರೆ ಅಂತ ಬುಕಿಂಗ್ ಹೊತ್ತಿಗೇ ಕೇಳಿಕೊಳ್ಳಿ. ಕ್ಯಾಂಪ್‌ಫೈರ್ ಆಸೆ ಇದ್ದರೆ ಬಿಡಿ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ವನ್ಯಧಾಮಕ್ಕೆ ಅಪಾಯವಾಗುವ ಹಾಗೆ ಬೆಂಕಿ ಹಚ್ಚುವುದು ಅಪರಾಧ. ಹುಲ್ಲು ಒಣಗಿದ ಫೆಬ್ರುವರಿಯಲ್ಲಿ ಒಂದು ಬೀಡಿ ಕಿಡಿ ಸಾಕು, ಗುಡ್ಡ ಗುಡ್ಡವೇ ಹೋಗುತ್ತದೆ.

ಸ್ಲೀಪಿಂಗ್ ಬ್ಯಾಗ್ ಮೇಲೆ ಕಂಫರ್ಟ್, ಲಿಮಿಟ್, ಎಕ್ಸ್‌ಟ್ರೀಮ್ ಅಂತ ಮೂರು ತಾಪಮಾನ ಬರೆದಿರುತ್ತದೆ. ನೋಡಬೇಕಾದದ್ದು ಕಂಫರ್ಟ್ ಮಾತ್ರ. ಎಕ್ಸ್‌ಟ್ರೀಮ್ ಅಂದರೆ ಜೀವ ಉಳಿಯಬಹುದು, ನಿದ್ದೆ ಅಲ್ಲ. ಅಂಗಡಿಯವರು ಅದನ್ನೇ ದೊಡ್ಡ ಅಕ್ಷರದಲ್ಲಿ ತೋರಿಸುತ್ತಾರೆ. ಕೆಳಗೆ ಹಾಸುವ ಮ್ಯಾಟ್‌ಗೆ ಆರ್ ವ್ಯಾಲ್ಯೂ ಅಂತ ಅಂಕಿ ಇರುತ್ತದೆ. ಜಾಸ್ತಿ ಇದ್ದಷ್ಟೂ ನೆಲದ ತಂಪು ಮೈಗೆ ಬರುವುದು ಕಡಿಮೆ. ನಮ್ಮ ಘಟ್ಟಕ್ಕೆ ಸಾದಾ ಫೋಮ್ ಮ್ಯಾಟ್ ಸಾಕು. ಎರಡನ್ನೂ ಬಾಡಿಗೆಗೆ ತಗೊಳ್ಳಿ.

ಕ್ಯಾಟ್‌ಹೋಲ್ ಅಂದರೆ ಬೆಕ್ಕು ಮಾಡುವ ಹಾಗೆ, ಅಷ್ಟೇ. 15ರಿಂದ 20 ಸೆಂ.ಮೀ. ಆಳದ ಗುಂಡಿ ತೋಡಿ, ಕೂತು, ಮಣ್ಣು ಮುಚ್ಚುವುದು. ಹಳ್ಳದಿಂದ, ದಾರಿಯಿಂದ 60 ಮೀಟರ್ ದೂರ. ಕೈಗೆ ಸಿಗುವ ಸಣ್ಣ ಸಲಿಕೆ ಒಯ್ಯಿರಿ. ತೊಳೆಯಲು ಬಾಟಲಿಯಲ್ಲಿ ನೀರು ಒಯ್ಯಿರಿ, ಹಳ್ಳದಲ್ಲೇ ಕೂರಬೇಡಿ, ಕೆಳಗೆ ಅದನ್ನೇ ಕುಡಿಯುವವರು ಇದ್ದಾರೆ. ವೆಟ್ ವೈಪ್ಸ್ ಹೂಳಬೇಡಿ, ಹೆಚ್ಚಿನವು ಕರಗುವುದಿಲ್ಲ. ಸ್ಯಾನಿಟರಿ ಪ್ಯಾಡ್ ಕಾಗದದಲ್ಲಿ ಸುತ್ತಿ, ಮುಚ್ಚುವ ಕವರ್‌ನಲ್ಲಿ ವಾಪಸ್ ತನ್ನಿ. ಇದೆಲ್ಲ ಸೇರಿ ಲೀವ್ ನೋ ಟ್ರೇಸ್, ಹೋಗಿದ್ದೇ ಗೊತ್ತಾಗದ ಹಾಗೆ ಬರುವುದು. ಬಾಳೆಹಣ್ಣಿನ ಸಿಪ್ಪೆ ಮಣ್ಣಾಗುತ್ತೆ ಬಿಡಿ ಅಂತೀರಾ? ಮಣ್ಣಾಗುವ ಮುಂಚೆ ಮಂಗಗಳಿಗೆ ಚೀಲಕ್ಕೆ ಕೈ ಹಾಕುವುದನ್ನು ಕಲಿಸುತ್ತದೆ.

9. ಇದೇ ಹುಮ್ಮಸ್ಸಿನಲ್ಲಿ ಹಿಮಾಲಯಕ್ಕೆ ಹೊರಟಿದ್ದೀರಾ?

ಹಾಗಾದರೆ ನಮ್ಮ ಘಟ್ಟದಲ್ಲಿ ಬೇಕಾಗದ ಒಂದು ಪದ: ಎಎಂಎಸ್. ಎತ್ತರದ ಕಾಯಿಲೆ. ಸುಮಾರು 2,500 ಮೀಟರ್ ದಾಟಿದ ಮೇಲೆ ಯಾರಿಗಾದರೂ ಬರಬಹುದು, ಜಿಮ್‌ಗೆ ಹೋಗುವವರಿಗೂ. ತಲೆನೋವು, ವಾಕರಿಕೆ, ಊಟ ಸೇರದಿರುವುದು, ನಿದ್ದೆ ಬಾರದಿರುವುದು. ಈ ಲಕ್ಷಣ ಇದ್ದರೆ ಮೇಲೆ ಹೋಗಬೇಡಿ. ಹೆಚ್ಚಾದರೆ ಕೆಳಗಿಳಿಯುವುದೇ ಮದ್ದು. ಕೂತಲ್ಲೇ ಉಬ್ಬಸ ಬಂದರೆ ಅಥವಾ ಕುಡಿದವರ ಹಾಗೆ ಹೆಜ್ಜೆ ತಪ್ಪಿದರೆ ಬೆಳಗಾಗಲಿ ಅಂತ ಕಾಯಬೇಡಿ, ಆ ರಾತ್ರಿಯೇ ಇಳಿಸಬೇಕು. ಶ್ವಾಸಕೋಶದಲ್ಲಿ ನೀರು ತುಂಬುವುದಕ್ಕೆ ಹೇಪ್, ಮಿದುಳು ಊದುವುದಕ್ಕೆ ಹೇಸ್ ಎನ್ನುತ್ತಾರೆ. ಎರಡೂ ಕೊಲ್ಲುತ್ತವೆ.

ಅಕ್ಲಿಮಟೈಸೇಶನ್ ಅಂದರೆ ಎತ್ತರಕ್ಕೆ ಮೈ ಒಗ್ಗಿಸುವುದು. 3,000 ಮೀಟರ್ ಮೇಲೆ ಮಲಗುವ ಜಾಗ ದಿನಕ್ಕೆ 500 ಮೀಟರ್‌ಗಿಂತ ಹೆಚ್ಚು ಏರಬಾರದು, ಮೂರು ನಾಲ್ಕು ದಿನಕ್ಕೊಮ್ಮೆ ಒಂದು ಬಿಡುವು. ಆಯೋಜಕರ ದಿನಚರಿಯಲ್ಲಿ ಈ ಲೆಕ್ಕ ಕೂರದಿದ್ದರೆ ಕಡಿಮೆ ರೇಟು ನೋಡಿ ಮರುಳಾಗಬೇಡಿ. ಎತ್ತರದ ಕಾಯಿಲೆ ತಡೆಯಲು ಕೊಡುವ ಡೈಮಾಕ್ಸ್ ಮಾತ್ರೆಯನ್ನು ಡಾಕ್ಟರನ್ನು ಕೇಳಿಯೇ ತಗೊಳ್ಳಿ.

2024ರ ಜೂನ್‌ನಲ್ಲಿ ಉತ್ತರಾಖಂಡದ ಸಹಸ್ರತಾಲ್ ಚಾರಣದಲ್ಲಿ ಕೆಟ್ಟ ಹವಾಮಾನಕ್ಕೆ ಸಿಕ್ಕಿ ಕರ್ನಾಟಕದಿಂದ ಹೋಗಿದ್ದ ತಂಡದ ಒಂಬತ್ತು ಮಂದಿ ತೀರಿಕೊಂಡರು. 4,000 ಮೀಟರ್ ಮೇಲೆ ಜೂನ್ ತಿಂಗಳಲ್ಲೂ ಹಿಮಗಾಳಿ ಬೀಸುತ್ತದೆ. ಹೈಪೋಥರ್ಮಿಯಾ ಅಂದರೆ ಮೈಯ ಒಳಗಿನ ಬಿಸಿ 35 ಡಿಗ್ರಿಗಿಂತ ಕೆಳಗೆ ಹೋಗುವುದು. ಮೊದಲು ನಡುಕ, ಆಮೇಲೆ ತೊದಲು ಮಾತು, ಮಂಕು. ನಡುಕ ನಿಂತಿತು ಅಂದರೆ ಸುಧಾರಿಸಿತು ಅಂದುಕೊಳ್ಳಬೇಡಿ, ಕೈಮೀರುತ್ತಿದೆ ಅಂತ. ಒದ್ದೆ ಬಟ್ಟೆ ತೆಗೆದು, ಒಣಗಿದ್ದು ಹಾಕಿ, ಗಾಳಿಯಿಂದ ಮರೆ ಮಾಡಿ.

10. ವಾಪಸ್ ಬಂದ ದಿನ

ಸುಸ್ತಾಗಿರುತ್ತೀರಿ, ಆದರೂ ಮೂರು ಕೆಲಸ ಮುಗಿಸಿ ಮಲಗಿ. ಬಟ್ಟೆ ನೇರ ಬಿಸಿನೀರಿಗೆ. ಸ್ನಾನಕ್ಕೆ ಹೋದಾಗ ಕಂಕುಳು, ಮೊಣಕಾಲಿನ ಹಿಂದೆ, ಕಿವಿಯ ಹಿಂದೆ, ಸೊಂಟದ ಪಟ್ಟಿ ಇದ್ದ ಜಾಗ ತಡವಿ ನೋಡಿ. ಎಳ್ಳಿನಷ್ಟು ಸಣ್ಣ ಉಣುಗು ಮಚ್ಚೆಯ ಹಾಗೇ ಕಾಣುತ್ತದೆ. ಸಿಕ್ಕರೆ ಚಿಮಟದಿಂದ ಚರ್ಮಕ್ಕೆ ತೀರ ಹತ್ತಿರ ಹಿಡಿದು ನೇರ ಮೇಲಕ್ಕೆ ಎಳೆಯಿರಿ, ಹಿಸುಕಬೇಡಿ. ಕೊನೆಗೆ ಚೀಲದ ಎಲ್ಲ ಜೇಬುಗಳನ್ನೂ ಖಾಲಿ ಮಾಡಿ ಬಾಯಿ ತೆರೆದು ನೇತುಹಾಕಿ. ತಳದ ಜೇಬಿನಲ್ಲಿ ಅರ್ಧ ಬಾಳೆಹಣ್ಣು ಇರುತ್ತದೆ, ನೋಡಿ.